ಕೊನೆಯ ಹೊಲಿಗೆ

ಬೆಳಗಿನ ಜಾವ ತೀರಿಕೊಂಡ ಹಡಗಿನವ ಯೋಸ್ಟ್‌ನ ಹೆಣ ಹೊಲಿಯಲು ಎಲ್ಲವೂ ಸಿದ್ಧವಾಗಿತ್ತು. ವೊಲಾಸು ಹಾಯಿಬಟ್ಟೆಯನ್ನು ಆಳಿನ ಅಳತೆಗೆ ಕತ್ತರಿಸಿ, ದಾರಕ್ಕೆ ಜೇನುಮೇಣ ತಿಕ್ಕಿ ದಬ್ಬಣಕ್ಕೆ ಪೋಣಿಸಿ, ಬಲ ಅಂಗೈಗೆ ಚರ್ಮದ ಪಟ್ಟಿ ಬಿಗಿದುಕೊಂಡು ಕೂತಿದ್ದಳು. ಬಿಸಿಲು ಇನ್ನೂ ಎಳೆಯದಿತ್ತು. ಅಷ್ಟರಲ್ಲಿ ಕಡಲ್ಗಳ್ಳರ ಆ ಹಡಗಿನ ಅಡುಗೆಯವನು ಪೆರಿ ಮರಳಿನಲ್ಲಿ ಏಳುತ್ತಾ ಬೀಳುತ್ತಾ ಓಡಿ ಬಂದ.

“ಸೂಜಿಯಕ್ಕಾ, ನಾನು ಹೇಳ್ದೆ ಅಂತ ಯಾರಿಗೂ ಹೇಳ್ಬೇಡ. ನಿನ್ನೆ ಅಕ್ಕಿ ತಂದ್ರಲ್ಲ, ಆ ದೋಣಿಯವರನ್ನ ಒಂಬತ್ತು ಜನಾನೂ ಕಪ್ತಾನ ಹಡಗಿನ ತಳಕ್ಕೆ ಹಾಕಿ ಬೀಗ ಜಡಿದಿದಾನೆ. ಕುಡಿಸಿ ಕೆಳಗಿಳಿಸಿ ಮುಚ್ಚಳ ಎಳೆದುಬಿಟ್ಟ. ಬೂರ್ಬೋನ್ ದ್ವೀಪದ ಕಾಫಿ ತೋಟಕ್ಕೆ ಮಾರ್ತಾನಂತೆ.”

“ತ್ಸಿರಿ?”

ಪೆರಿ ನೆಲ ನೋಡಿದ. “ಅವನೂ ಒಳಗೇ ಇದಾನೆ.”

ತ್ಸಿರಿ ಅವಳ ತಮ್ಮ. ಅವನನ್ನು ಹೆತ್ತು ತಾಯಿ ಕಣ್ಣು ಮುಚ್ಚಿದಾಗ ವೊಲಾಸುವಿಗೆ ಹದಿನಾಲ್ಕು ವರ್ಷ. ಗಂಜಿನೀರು ಕುಡಿಸಿ, ಬೆನ್ನಿಗೆ ಕಟ್ಟಿಕೊಂಡು, ಹೊಡೆದು ಬಡಿದು ಮುದ್ದಿಸಿ ಸಾಕಿದವಳು ಅವಳೇ. ಮುಂದೆ ಅವಳಿಗೆ ಮಕ್ಕಳಾಗಲಿಲ್ಲ, ಆಗದಿದ್ದುದಕ್ಕೆ ಅವಳು ಅಷ್ಟೇನೂ ಕೊರಗಲೂ ಇಲ್ಲ. ಒಬ್ಬ ಇದ್ದನಲ್ಲ. ಈಗ ಅವನು ಎಂಟು ಹುಟ್ಟಿನ ದೋಣಿಗೆ ಮುಂದಾಳು, ಊರಿನ ಅಕ್ಕಿಯನ್ನೂ ದನವನ್ನೂ ಹಡಗುಗಳಿಗೆ ಮುಟ್ಟಿಸುವವನು.

ವೊಲಾಸು ಅಳಲಿಲ್ಲ, ಕೂಗಾಡಲೂ ಇಲ್ಲ. ದಬ್ಬಣದ ಕಣ್ಣಿನಿಂದ ದಾರ ಎಳೆದು ಹಾಕಿದಳು. ದಬ್ಬಣವನ್ನು ತುರುಬಿಗೆ ಸಿಕ್ಕಿಸಿಕೊಂಡಳು.

“ಹೋಗಿ ನಿಮ್ಮ ಕಪ್ತಾನನಿಗೆ ಹೇಳು. ಆ ಒಂಬತ್ತು ಜನ ಈ ಮರಳ ಮೇಲೆ ಬಂದು ನಿಲ್ಲೋ ತನಕ ಈ ದಬ್ಬಣಕ್ಕೆ ದಾರ ಏರಲ್ಲ.”

ಪೆರಿ ಹೆಣದ ಕಡೆ ನೋಡಿದ, ಅವಳ ಕಡೆ ನೋಡಿದ. “ಯೋಸ್ಟ್‌ಗಾ, ಅಕ್ಕಾ? ಅವನು ನಿನಗೆ ಒಡಹುಟ್ಟಿದ ಅಣ್ಣನ ಹಾಗಿದ್ದ.”

“ಅಣ್ಣ ಅಂತಲೇ ಅವನ ಮೇಲೆ ಈ ಭಾರ ಹೊರಿಸ್ತಿರೋದು. ಕಂಡೋರ ಮೇಲೆ ಹೊರಿಸೋಕಾಗುತ್ತಾ? ಹೋಗು.”

ಹೆಣ ಹೊಲಿಯುವುದಿಲ್ಲ ಎಂದರೆ ಏನು ಮಹಾ, ಇನ್ನೊಬ್ಬ ಹೊಲಿದಾನು ಎನ್ನುವವರು ಬೊರಾಹಾ ದ್ವೀಪದ ಕಡಲ್ಗಳ್ಳರನ್ನು ಕಂಡವರಲ್ಲ. ಅವರಿಗೆ ದೇವರಿಲ್ಲ, ರಾಜನಿಲ್ಲ, ಊರಿಲ್ಲ. ಇರುವುದು ಒಂದು ಕರಾರು ಪತ್ರ ಮಾತ್ರ. ಹಡಗು ಹತ್ತುವಾಗ ಪ್ರತಿಯೊಬ್ಬನೂ ಅದಕ್ಕೆ ಗುರುತು ಹಾಕಬೇಕು. ಹೊಡೆದಾಟದ ಹೊತ್ತಿನಲ್ಲಿ ಕಪ್ತಾನನ ಮಾತು, ಮಿಕ್ಕೆಲ್ಲ ಹೊತ್ತಿನಲ್ಲಿ ಎಲ್ಲರೂ ಕೈಯೆತ್ತಿ ಮಾಡಿದ ತೀರ್ಮಾನ ಎಂದು ಅದರಲ್ಲಿದೆ. ಈ ದ್ವೀಪದ ಹತ್ತಿರ ಸತ್ತವನನ್ನು ಹಾಯಿಬಟ್ಟೆಯಲ್ಲಿ ಹೊಲಿದು ಮೊದಲೇ ಸತ್ತ ಗೆಳೆಯರ ನಡುವೆ, ನೀರಿನಾಚೆಯ ಗೋರಿಗಳ ದಿಬ್ಬದಲ್ಲಿ ಮಲಗಿಸಬೇಕು ಎಂದೂ ಇದೆ. ಆ ಸಾಲು ಬರೆಸಿದವನು ಹಡಗಿನ ಹಾಯಿ ಹೊಲಿಯುತ್ತಿದ್ದ ಎಬೆನ್. ವೊಲಾಸುವಿನ ಗಂಡ. ಕಣ್ಣು ಮಂಜಾದ ಮೇಲೆ ಹೆಂಡತಿಗೆ ಕೆಲಸ ಕಲಿಸಿ, ತಾನೂ ಅವಳ ಹೊಲಿಗೆಯಲ್ಲೇ ಮಲಗಿ ದಿಬ್ಬ ಸೇರಿದ್ದ. ಆರು ವರ್ಷವಾಯಿತು.

ಒಮ್ಮೆ ಮಾತ್ರ, ವೊಲಾಸು ಜ್ವರದಲ್ಲಿ ಬಿದ್ದಿದ್ದಾಗ, ಒಬ್ಬ ಸತ್ತವನನ್ನು ಪೆರಿ ಹೊಲಿದಿದ್ದ. ಕೋಳಿ ಹೊಟ್ಟೆಗೆ ಮಸಾಲೆ ತುಂಬಿ ಹೊಲಿಯುವ ಕೈ ಅದು. ದಿಬ್ಬಕ್ಕೆ ಸಾಗಿಸುವಾಗ ದೋಣಿ ಮಗುಚಿ ಹೆಣ ನೀರಿಗೆ ಬಿತ್ತು, ಹೊಲಿಗೆ ಬಾಯಿ ಬಿಟ್ಟಿತು. ಮಾರನೆಯ ಬೆಳಿಗ್ಗೆ ಹಡಗಿನವರು ಎದ್ದು ನೋಡಿದರೆ ಸತ್ತವನು ಹಡಗಿನ ಪಕ್ಕದಲ್ಲೇ ಮುಖ ಮೇಲೆ ಮಾಡಿಕೊಂಡು ತೇಲುತ್ತಿದ್ದ, ತನ್ನನ್ನು ಬಿಟ್ಟು ಹೊರಟಿರೇನು ಎಂದು ಕೇಳಲು ಬಂದವನಂತೆ. ಫಿರಂಗಿಗೆ ಹೆದರದ ಗಂಡಸರು ಅಂದು ಗಡಗಡ ನಡುಗಿದರು. ಅಂದಿನಿಂದ ವೊಲಾಸುವಿನ ಹೊಲಿಗೆ ಬೀಳದೆ ಈ ಹಡಗಿನ ಯಾರೂ ಮಣ್ಣಿಗೆ ಹೋಗಿಲ್ಲ.

ಯೋಸ್ಟ್ ಅಂತೂ ಹಡಗಿನವರೇ ಕೈಯೆತ್ತಿ ಆರಿಸಿದ ಪಾರುಪತ್ತೇಗಾರ. ಕಪ್ತಾನ ಅಂಕೆ ಮೀರಿದರೆ ಎದುರು ನಿಲ್ಲುವುದು, ಎಲ್ಲರ ಸಭೆ ಕರೆಯುವುದು ಅವನ ಕೆಲಸ. ಅವನು ಹತ್ತು ದಿನ ಜ್ವರದಲ್ಲಿ ಮಲಗಿದ. ಕಪ್ತಾನ ಅದನ್ನೇ ಕಾಯುತ್ತಿದ್ದ. ಯೋಸ್ಟ್ ಪ್ರಾಣ ಬಿಡುವ ಹಿಂದಿನ ದಿನವೇ ಒಂಬತ್ತು ಜನ ತಳಕ್ಕೆ ಹೋದರು.

ಕಪ್ತಾನ ಪಾಸ್ಕೋ ಬಿಸಿಲೇರುವ ಹೊತ್ತಿಗೆ ದಡಕ್ಕೆ ಬಂದ. ಗರಿ ಸಿಕ್ಕಿಸಿದ ಟೊಪ್ಪಿಗೆ, ಮೊಣಕೈ ಹರಿದ ರೇಷ್ಮೆ ಅಂಗಿ, ಕಂಕುಳಲ್ಲಿ ತಗಡಿನ ಕೊಳವೆ. ಕೊಳವೆಯೊಳಗೆ ಅವನ ಪ್ರಾಣವಿತ್ತು: ಹಿಂದೆ ಯುದ್ಧ ನಡೆದಾಗ ಅವನ ರಾಜ್ಯದವರು ಕೊಟ್ಟ ಪರವಾನಗಿ. ಶತ್ರುವಿನ ಹಡಗು ಸಿಕ್ಕರೆ ದೋಚಬಹುದು ಎಂದು ಮೊಹರು ಒತ್ತಿ ಬರೆದುಕೊಟ್ಟಿದ್ದರು. ಯುದ್ಧ ಮುಗಿದು ಎಷ್ಟೋ ವರ್ಷವಾಗಿತ್ತು. ದೋಚುವುದು ಮುಗಿದಿರಲಿಲ್ಲ. ಕಳ್ಳನಿಗೊಂದು ಪಿಳ್ಳೆ ನೆವ ಅನ್ನುತ್ತಾರಲ್ಲ, ಇವನ ನೆವಕ್ಕೆ ಮೊಹರೂ ಇತ್ತು.

“ಏನಮ್ಮಾ, ಹೆಣ ಇಟ್ಕೊಂಡು ನನ್ನ ಹತ್ರ ವ್ಯಾಪಾರ ಮಾಡ್ತೀಯಾ?”

“ವ್ಯಾಪಾರ ಶುರು ಮಾಡಿದ್ದು ತಾವು, ಕಪ್ತಾನ್ರೇ. ಜೀವ ಇರೋರನ್ನ ಇಟ್ಕೊಂಡು.”

“ನಾನು ಕಡಲ್ಗಳ್ಳ ಅಲ್ಲ. ರಾಜರ ಕಾಗದ ಇದೆ ನನ್ನ ಹತ್ರ.”

“ಅದನ್ನೇ ಹೊದಿಸಿ ಮಣ್ಣು ಮಾಡಿ ಹಾಗಾದ್ರೆ. ಹಾಯಿಬಟ್ಟೆ ಯಾಕೆ ದಂಡ?”

ಹಿಂದೆ ನಿಂತಿದ್ದ ನಾಲ್ಕೈದು ಜನ ಕೆಮ್ಮಿ ನಗು ನುಂಗಿಕೊಂಡರು. ಪಾಸ್ಕೋ ಸೊಂಟದ ಪಿಸ್ತೂಲು ತೆಗೆದು ಅವಳ ಹಣೆಯ ನೇರಕ್ಕೆ ಹಿಡಿದ.  ವೊಲಾಸು ಕೂತಲ್ಲಿಂದ ಏಳಲಿಲ್ಲ.

“ಹೊಡೀರಿ. ಆಮೇಲೆ ಇಬ್ಬರನ್ನೂ ಪೆರೀನೇ ಹೊಲೀಲಿ.”

ಆಗ ಯಾರೂ ನಗಲಿಲ್ಲ. ಪೆರಿಯ ಮುಖ ಸುಣ್ಣವಾಗಿತ್ತು. ಪಾಸ್ಕೋ ತನ್ನವರ ಮುಖಗಳನ್ನು ಒಂದು ಸಲ ನೋಡಿದ. ಪಿಸ್ತೂಲು ಸೊಂಟಕ್ಕೆ ಹೋಯಿತು. “ಬಿಸಿಲು ಏರಲಿ. ವಾಸನೆ ಏಳ್ಲಿ. ನೀನೇ ಓಡಿ ಬರ್ತೀಯ,” ಎಂದು ಹೇಳಿ ದೋಣಿ ಹತ್ತಿದ.

ವೊಲಾಸು ಓಡಲಿಲ್ಲ. ಕಾಡುಬಾದಾಮಿಯ ನೆರಳಿಗೆ ಹೆಣವನ್ನು ತಾನೇ ಎಳೆದು ತಂದಳು. ತಾಳೆಗರಿಯಿಂದ ನೊಣ ಓಡಿಸುತ್ತಾ ಪಕ್ಕದಲ್ಲೇ ಕೂತಳು. ಹೊಲಿಯಲೊಲ್ಲಳು, ಬಿಟ್ಟು ಹೋಗಲೂ ಒಲ್ಲಳು. ಯೋಸ್ಟ್‌ನ ಕೊರಳಲ್ಲಿ ಸಭೆ ಕರೆಯುವ ಹಿತ್ತಾಳೆ ಸೀಟಿ ಹಾಗೆಯೇ ಇತ್ತು. ಅವನ ಕೆಂಪು ಗಡ್ಡಕ್ಕೆ ಅಂಟಿದ ಮರಳನ್ನು ಒರೆಸುವಾಗ ಮಾತ್ರ ಅವಳ ಕಣ್ಣು ತುಂಬಿ ಬಂತು. ಸಾಯುವ ಮುಂಚೆ ಕೈ ಹಿಡಿದು ಕೇಳಿದ್ದ: “ಎಬೆನ್ ಪಕ್ಕ ಹಾಕ್ತೀಯಲ್ಲ? ಹೊಲಿಗೆ ಒತ್ತಾಗಿರ್ಲಿ, ನನಗೆ ಚಳಿ ಜಾಸ್ತಿ.” ಆಗಲಿ ಎಂದಿದ್ದಳು.

ಸಂಜೆ ಅವಳ ಸೋದರಮಾವ ಮಹಾವೆಲು ಕೋಲೂರಿಕೊಂಡು ಬಂದ. ಮನೆತನದ ಹಿರಿಯ. ಸತ್ತ ಹಿರಿಯರ ಜೊತೆ ಮಾತಾಡುವ ಅಧಿಕಾರವಿದ್ದವನು. ಗಾಳಿ ಬೀಸಿ ಬರುವ ಬದಿಗೆ ನಿಂತು, ವಸ್ತ್ರದ ತುದಿಯಿಂದ ಮೂಗು ಮುಚ್ಚಿಕೊಂಡ.

“ಏನೇ ಇದು, ವೊಲಾಸು? ಹೆಣಾನ ಬಯಲಿಗೆ ಹಾಕಿ ಕೂರೋದು ನಮ್ಮಲ್ಲಿ ಯಾರು ಮಾಡಿದಾರೆ? ನಾಯಿ ಸತ್ರೂ ಮಣ್ಣು ಎಳೀತೀವಿ.”

“ಹಾಗಾದ್ರೆ ತ್ಸಿರಿನ ಏನ್ ಮಾಡೋದು, ಮಾವ?”

“ಮಾತಾಡೋಣ. ಆಚೆ ದಡದ ದೊಡ್ಡ ನೆಲದವರಿಗೂ ಹೇಳಿ ಕಳ್ಸೋಣ. ಇಪ್ಪತ್ತು ಎತ್ತು ಕೊಡ್ತೀವಿ ಅನ್ನೋಣ. ಹುಣ್ಣಿಮೆ ಕಳೀಲಿ.”

“ಹುಣ್ಣಿಮೆ ಹೊತ್ತಿಗೆ ಗಾಳಿ ತಿರುಗುತ್ತೆ. ಗಾಳಿ ತಿರುಗಿದ್ರೆ ಹಡಗು ಹೋಗುತ್ತೆ. ನೀವು ಎತ್ತು ಹಿಡ್ಕೊಂಡು ಕಡಲಿಗೆ ತೋರಿಸ್ತಾ ನಿಂತಿರ್ಬೇಕು.”

ಮುದುಕನಿಗೆ ಸಿಟ್ಟು ಬಂತು. ಅವನೇನು ಕೆಟ್ಟವನಲ್ಲ. ಸತ್ತವರ ಸಿಟ್ಟು ಇಡೀ ಊರಿನ ಮೇಲೆ ಎಲ್ಲಿ ಬೀಳುತ್ತದೋ ಎಂದು ಅವನ ಎದೆ ಹೊಡೆದುಕೊಳ್ಳುತ್ತಿತ್ತು. ಊರಿನವರು ತಾವೇ ಹೆಣ ಎತ್ತುವ ಹಾಗೂ ಇರಲಿಲ್ಲ. ಪರದೇಶಿಯ ಹೆಣ ಮುಟ್ಟುವುದು ಅವರಿಗೆ ನಿಷಿದ್ಧ. ಪರದೇಶಿಯನ್ನು ಕಟ್ಟಿಕೊಂಡವಳೆಂದು ವೊಲಾಸು ಒಬ್ಬಳಿಗೆ ಅದರಿಂದ ಮಾಫಿ.

“ನಾಳೆ ಸೂರ್ಯ ಮುಳುಗೋದ್ರೊಳಗೆ ಈ ಹೆಣ ಮಣ್ಣಿಗೆ ಹೋಗ್ಬೇಕು,” ಎಂದ ಮಹಾವೆಲು. “ಹೋಗ್ಲಿಲ್ಲ ಅಂದ್ರೆ ನಮ್ಮ ಸಮಾಧೀಲಿ ನಿನಗೆ ಜಾಗ ಇಲ್ಲ. ನಿಮ್ಮಮ್ಮನ ಪಕ್ಕದ ಜಾಗ ನಿನಗೆ ಅಂತ ಇಟ್ಟಿದೀವಿ. ಅದೂ ಇಲ್ಲ. ಯೋಚ್ನೆ ಮಾಡು.”

ಮಾವ ಹೋದ ಮೇಲೆ ವೊಲಾಸು ಬಹಳ ಹೊತ್ತು ಗರಿ ಬೀಸುವುದನ್ನೂ ಮರೆತು ಕೂತಳು. ಬದುಕಿರುವುದು ನಾಲ್ಕು ದಿನ, ಸತ್ತಿರುವುದು ಎಂದೆಂದಿಗೂ. ಅವ್ವನ ಪಕ್ಕ ಒಂದು ಜಾಗ ಇದೆ ಎನ್ನುವ ಧೈರ್ಯದ ಮೇಲೆಯೇ ಅವಳು ಗಂಡ ಸತ್ತ ಮೇಲೂ ನೆಟ್ಟಗೆ ನಡೆದಿದ್ದಳು. ಅವಳಿಗೆ ಭಯವಾಯಿತು. ಮಾವನನ್ನು ಕೂಗಿ ಕರೆಯಬೇಕೆಂದು ಬಾಯಿಗೆ ಬಂತು. ಕರೆಯಲಿಲ್ಲ.

ಮರುದಿನ ಬೆಳಿಗ್ಗೆ ಹಡಗಿನ ದೋಣಿ ದಡಕ್ಕೆ ಬಂತು. ಅದರಲ್ಲಿ ಪಾಸ್ಕೋ ಇದ್ದ. ಕೈಗೆ ಬೇಡಿ ಬಿದ್ದ ತ್ಸಿರಿಯೂ ಇದ್ದ.

ಅವನನ್ನು ಅವಳಿಂದ ನಾಲ್ಕು ಹೆಜ್ಜೆ ದೂರದಲ್ಲಿ ತಂದು ನಿಲ್ಲಿಸಿದರು. ತುಟಿ ಒಡೆದಿತ್ತು, ಮಣಿಕಟ್ಟು ಸುಲಿದಿತ್ತು. ಅಕ್ಕನನ್ನು ನೋಡಿ ನಗಲು ಹೋದ, ಒಡೆದ ತುಟಿ ಎಳೆದು ನೋವಾಯಿತು.

“ತಗೋ ನಿನ್ನ ತಮ್ಮನ್ನ,” ಎಂದ ಪಾಸ್ಕೋ. ವಾಸನೆಗೆ ಅವನೂ ಮೂಗು ಹಿಡಿದಿದ್ದ. “ನನಗೂ ಕರುಣೆ ಇದೆ. ಬೇಡಿ ಬಿಚ್ತೀನಿ, ಕರ್ಕೊಂಡು ಹೋಗು. ಯೋಸ್ಟ್‌ನ ಹೊಲಿ. ಇಲ್ಲಿಗೆ ಮುಗೀತು.”

“ಉಳಿದ ಎಂಟು ಜನ?”

“ಅವರು ನಿನಗೇನಾಗ್ಬೇಕು?”

ವೊಲಾಸು ತಮ್ಮನ ಮುಖ ನೋಡಿದಳು. ಈ ನಾಲ್ಕು ಹೆಜ್ಜೆ ನಡೆದು ಅವನ ತಲೆಯನ್ನು ಎದೆಗೆ ಒತ್ತಿಕೊಂಡರೆ ಮುಗಿಯಿತು. ಯಾರೂ ಅವಳನ್ನು ಬೈಯುತ್ತಿರಲಿಲ್ಲ. ಎಂಟು ಮನೆಯ ಹೆಂಗಸರು ನಾಳೆ ಬಾವಿಯ ಹತ್ತಿರ ಅವಳನ್ನು ಕಂಡು ಮುಖ ತಿರುಗಿಸಿಕೊಳ್ಳುತ್ತಿದ್ದರು, ಅಷ್ಟೇ. ಕಾಲು ತಾನಾಗಿಯೇ ಮುಂದೆ ಹೋಗಲು ನೋಡಿತು. ಬೆರಳುಗಳನ್ನು ಮರಳಿನೊಳಗೆ ಊರಿ ತನ್ನನ್ನು ತಾನೇ ಹಿಡಿದುಕೊಂಡಳು.

“ತ್ಸಿರಿ, ಆ ದೋಣಿಗೆ ಮುಂದಾಳು ಯಾರೋ?”

ಅವನಿಗೆ ಅರ್ಥವಾಯಿತು.  “ನಾನೇ, ಅಕ್ಕಾ.”

“ಹುಟ್ಟು ಹಾಕೋರನ್ನ ನೀರಲ್ಲಿ ಬಿಟ್ಟು ಮುಂದಾಳು ಒಬ್ಬನೇ ದಡಕ್ಕೆ ಬರ್ತಾನೇನೋ?”

“ಇಲ್ಲ.”

“ಹಾಗಾದ್ರೆ ಹೋಗು. ಒಟ್ಟಿಗೆ ಬಾ.” ಪಾಸ್ಕೋನತ್ತ ತಿರುಗಿದಳು. “ಒಂಬತ್ತು ಅಂದೆ, ಕಪ್ತಾನ್ರೇ. ಒಂದು ಅನ್ನಲಿಲ್ಲ. ಕರ್ಕೊಂಡು ಹೋಗಿ ಇವನನ್ನ.”

ದೋಣಿಗೆ ಹುಟ್ಟು ಹಾಕುವವರು ತಲೆ ತಗ್ಗಿಸಿಕೊಂಡೇ ತ್ಸಿರಿಯನ್ನು ಮತ್ತೆ ಹತ್ತಿಸಿಕೊಂಡರು. ಅವನು ಹಿಂತಿರುಗಿ ನೋಡಲಿಲ್ಲ. ನೋಡಿದ್ದರೆ ಅವಳು ಕೂಗಿಬಿಡುತ್ತಿದ್ದಳೇನೋ. ದೋಣಿಯಲ್ಲಿ ಜೊತೆಗೆ ಬಂದಿದ್ದ ಪೆರಿ ಮಾತ್ರ ದಡದಲ್ಲೇ ಉಳಿದ. ತಳ ಹಿಡಿದ ಅನ್ನದ ಮಡಕೆಯಲ್ಲಿ ನೀರು ಕಾಯಿಸಿ ಒಂದು ಚಿಪ್ಪು ತಂದು ಅವಳ ಮುಂದಿಟ್ಟ. ಅವಳು ಕುಡಿದಳು.

ಆ ಸಂಜೆ ಸೂರ್ಯ ದೊಡ್ಡ ನೆಲದ ಹಿಂದೆ ಇಳಿಯುವಾಗ ಮಹಾವೆಲು ಬಂದ. ಊರಿನ ಅರ್ಧ ಜನ ಜೊತೆಗಿದ್ದರು. ಹೆಣ ಅಲ್ಲೇ ಇತ್ತು. ಮುದುಕ ಕಬ್ಬಿನ ಹೆಂಡವನ್ನು ನೆಲಕ್ಕೆ ಸುರಿದು, ಹಿರಿಯರ ಹೆಸರುಗಳನ್ನು ಒಂದೊಂದಾಗಿ ಕರೆದು, ಇವಳಿಗೆ ನಿಮ್ಮ ಪಕ್ಕ ಜಾಗವಿಲ್ಲ ಎಂದು ಹೇಳಿದ. ಹೇಳುವಾಗ ಅವನ ಗಡ್ಡ ಅದುರುತ್ತಿತ್ತು. ಮಾತು ಆಡಿದರೆ ಹೋಯಿತು, ಮುತ್ತು ಒಡೆದರೆ ಹೋಯಿತು. ವೊಲಾಸು ತಲೆ ಬಾಗಿಸಿ ಕೇಳಿಸಿಕೊಂಡಳು. ಎದುರಾಡಲಿಲ್ಲ, ಹೊಲಿಯಲೂ ಇಲ್ಲ.

ಮೂರನೆಯ ದಿನ ಬೆಳಿಗ್ಗೆ ಹೆಣದ ಹೊಟ್ಟೆ ಉಬ್ಬಿತ್ತು. ಹಡಗಿನ ಅರವತ್ತು ಜನರಲ್ಲಿ ಬಹುಪಾಲು ಜನ ದಡಕ್ಕೆ ಬಂದು ದೂರದಲ್ಲಿ ಗುಂಪುಗುಂಪಾಗಿ ನಿಂತಿದ್ದರು. ಸುಮ್ಮನೆ ಕಡಲಿಗೆ ಎಸೆಯಿರಿ ಎಂದು ಪಾಸ್ಕೋ ಹೇಳಿದ್ದ. ಎಸೆಯಲು ಯಾರೂ ಮುಂದೆ ಬಂದಿರಲಿಲ್ಲ. ತೇಲಿ ಬಂದವನನ್ನು ಅವರು ಮರೆತಿರಲಿಲ್ಲ. ಸಭೆ ಕರೆಯೋಣವೆಂದರೆ ಕರೆಯಬೇಕಾದ ಪಾರುಪತ್ತೇಗಾರನೇ ಹೆಣವಾಗಿ ಬಿದ್ದಿದ್ದ.

ಪೆರಿ ಗುಂಪಿನಿಂದ ಬೇರೆಯಾಗಿ ಬಂದ. ಬಾಯಿಗೆ ಬಟ್ಟೆ ಕಟ್ಟಿಕೊಂಡು, ವಾಕರಿಕೆ ನುಂಗುತ್ತಾ, ಹೆಣದ ಪಕ್ಕ ಮಂಡಿಯೂರಿದ. ಯೋಸ್ಟ್‌ನ ಕೊರಳಿನ ಸೀಟಿಯನ್ನು ಬಿಚ್ಚಿದ. ಒರೆಸಿ ಬಾಯಿಗಿಟ್ಟು ಊದಿದ.

ಅಂಥ ಪುಕ್ಕಲ ಅಷ್ಟು ಜೋರಾಗಿ ಊದಿಯಾನೆಂದು ಯಾರೂ ಎಣಿಸಿರಲಿಲ್ಲ. ಪೆರಿಯೂ ಎಣಿಸಿರಲಿಲ್ಲ.

“ನಿನ್ನನ್ನ ಯಾರೋ ಆರಿಸಿದ್ದು, ಸೌಟು ಹಿಡಿಯೋನೆ?” ಪಾಸ್ಕೋ ಗುಡುಗಿದ.

“ಯಾರೂ ಇಲ್ಲ,” ಎಂದ ಪೆರಿ.  “ಆದ್ರೆ ಆ ಒಂಬತ್ತು ಜನಾನ ಹಿಡೀರಿ ಅಂತ ನಾವು ಯಾವಾಗ ಕೈಯೆತ್ತಿದ್ವಿ? ನಾನಂತೂ ಎತ್ತಲಿಲ್ಲ. ನೀನು ಎತ್ತಿದ್ಯಾ? ನೀನು?” ಒಬ್ಬೊಬ್ಬರನ್ನೇ ತೋರಿಸಿ ಕೇಳುತ್ತಾ ಹೋದ. ಒಬ್ಬೊಬ್ಬನೂ ಇಲ್ಲವೆಂದು ತಲೆಯಾಡಿಸಿದ. “ಈಯಮ್ಮ ತಮ್ಮನ್ನ ವಾಪಸ್ ಕಳಿಸಿದ್ಲು. ಸಮಾಧಿ ಜಾಗಾನೂ ಬಿಟ್ಟುಕೊಟ್ಲು. ಇನ್ನೇನು ಬಿಡೋಕೆ ಉಳಿದಿದೆ ಅವಳ ಹತ್ರ? ಇನ್ನು ಅವಳು ಬಗ್ಗಲ್ಲ. ಅವರನ್ನ ಬಿಡೋಣ ಅನ್ನೋರು ಕೈಯೆತ್ತಿ. ನಾಳೆ ನೀನು ಸಾಯ್ತೀಯ, ನಾನು ಸಾಯ್ತೀನಿ. ಆಗ ಯಾರು ಹೊಲೀತಾರೆ? ನಾನಾ? ನನ್ನ ಹೊಲಿಗೆ ಏನು ಅಂತ ನಿಮಗೆಲ್ಲ ಗೊತ್ತಲ್ಲ!”

ಯಾರೋ ಗೊಳ್ಳೆಂದು ನಕ್ಕ. ಆ ನಗುವಿನ ಹಿಂದೆಯೇ ಒಂದು ಕೈ ಮೇಲೆದ್ದಿತು. ಫಿರಂಗಿ ಹೊಡೆಯುವ ಮುದಿ ಗೋಲಂದಾಜನ ಕೈ, ಎರಡು ಬೆರಳು ಇಲ್ಲದ್ದು. ಆಮೇಲೆ ನಿನ್ನೆ ದೋಣಿಗೆ ಹುಟ್ಟು ಹಾಕಿದವರ ಕೈಗಳು. ಆಮೇಲೆ ಎಣಿಸುವ ಅಗತ್ಯವೇ ಬೀಳಲಿಲ್ಲ. ಪಾಸ್ಕೋ ಕೊಳವೆಯಿಂದ ಕಾಗದ ತೆಗೆದು ಗಟ್ಟಿಯಾಗಿ ಓದತೊಡಗಿದ. ಒಂದೆರಡು ಸಾಲು ಓದಿದ ಮೇಲೆ ಕೇಳುವವರೇ ಇಲ್ಲ ಎಂದು ತಿಳಿದು ಮಡಿಸಿ ಒಳಗಿಟ್ಟುಕೊಂಡ. ಟೊಪ್ಪಿಗೆ ತಲೆಯ ಮೇಲೆ ಉಳಿಯಿತು, ಮಾತಿನ ತೂಕ ಉಳಿಯಲಿಲ್ಲ.

ಒಂಬತ್ತು ಜನ ಒಂದೇ ದೋಣಿಯಲ್ಲಿ ಬಂದರು. ತ್ಸಿರಿ ಎಲ್ಲರನ್ನೂ ಇಳಿಸಿ ತಾನು ಕೊನೆಗೆ ಇಳಿದ. ವೊಲಾಸು ಬಾಯಿಬಿಟ್ಟು ಎಣಿಸಿದಳು, ಎರಡು ಸಲ ಎಣಿಸಿದಳು. ಹೆಂಗಸರು ಓಡಿ ಬಂದು ತಮ್ಮ ತಮ್ಮವರನ್ನು ಅಪ್ಪಿಕೊಂಡು ಅಳುತ್ತಿದ್ದಾಗ ಅವಳು ತುರುಬಿನಿಂದ ದಬ್ಬಣ ತೆಗೆದು ದಾರ ಪೋಣಿಸಿದಳು. ಎರಡು ದಿನ ಎರಡು ರಾತ್ರಿ ಅಲ್ಲಾಡದ ಕೈ ಅಲ್ಲಿಂದ ನಿಲ್ಲಲಿಲ್ಲ. ತನ್ನ ಸಾವಿಗೆಂದು ತಾನೇ ರಾಫಿಯಾ ನಾರಿನಲ್ಲಿ ನೇಯ್ದಿಟ್ಟುಕೊಂಡಿದ್ದ ವಸ್ತ್ರವನ್ನು ಮನೆಯಿಂದ ತರಿಸಿ ಮೊದಲು ಅದನ್ನು ಯೋಸ್ಟ್‌ಗೆ ಸುತ್ತಿದಳು. ಮೇಲೆ ಹಾಯಿಬಟ್ಟೆ. ಹೊಲಿಗೆ ಒತ್ತಾಗಿ, ಒಂದರ ಮಗ್ಗುಲಿಗೊಂದು, ಕಾಲಿನಿಂದ ತಲೆಯ ಕಡೆಗೆ ಸಾಗಿತು.

“ಮೂರು ದಿನ ಬಯಲಲ್ಲಿ ಮಲಗಿಸಿದೆ, ಅಣ್ಣಾ,” ಎಂದಳು ಅವನ ಕಿವಿಯ ಹತ್ತಿರ ಬಾಗಿ. “ನಿನ್ನನ್ನ ಕೇಳ್ಲಿಲ್ಲ. ಕೇಳಿದ್ರೆ ಹೂಂ ಅಂತಿದ್ದೆ ಅಂದ್ಕೊಂಡೆ.” ಆಗ ಅವಳು ಅತ್ತಳು, ಜೋರಾಗಿಯೇ ಅತ್ತಳು. ಅಳುತ್ತಲೇ ಹೊಲಿದಳು.

ಇಳಿತ ಬಂದು ದಿಬ್ಬಕ್ಕೆ ನಡೆದು ಹೋಗುವ ಕಲ್ಲುದಾರಿ ನೀರಿನಿಂದ ಮೇಲೆದ್ದಿತು. ಹಡಗಿನವರು ಹೆಣ ಎತ್ತಲು ಬಂದರು. ಅವರಿಗಿಂತ ಮೊದಲು ತ್ಸಿರಿ ಬಾಗಿ ಒಂದು ಮೂಲೆ ಹಿಡಿದ.

“ಮುಟ್ಬೇಡವೋ! ನಿಷಿದ್ಧ!” ಮಹಾವೆಲು ದೂರದಿಂದ ಕೂಗಿದ.

“ಆಮೇಲೆ ಮೀಯ್ತೀನಿ, ಮಾವ. ಎತ್ತು ಬೇಕಂದ್ರೆ ಎತ್ತು ಕೊಡ್ತೀನಿ.” ಉಳಿದ ಎಂಟು ಜನ ಮುಖ ಮುಖ ನೋಡಿಕೊಂಡರು. ಆಮೇಲೆ ದೋಣಿ ಎತ್ತುವವರ ಹಾಗೆ ಎರಡೂ ಬದಿಗೆ ನಿಂತು ಹೆಗಲು ಕೊಟ್ಟರು. ಮುದುಕ ಇನ್ನೊಮ್ಮೆ ಕೂಗಲಿಲ್ಲ.

ದಿಬ್ಬದ ಮೇಲೆ ಎಬೆನ್‌ನ ಮಗ್ಗುಲಲ್ಲಿ ಗುಂಡಿ ತಯಾರಾಗಿತ್ತು. ತಲೆಯ ಹತ್ತಿರ ಒಂದು ಹೊಲಿಗೆಯಷ್ಟು ಜಾಗವನ್ನು ವೊಲಾಸು ಹೊಲಿಯದೆ ಬಿಟ್ಟಿದ್ದಳು. ಕಡಲಿನವರ ವಾಡಿಕೆ ಅದು. ಕೊನೆಯ ಹೊಲಿಗೆ ಮೂಗಿನ ಮೂಲಕ ಹೋಗಬೇಕು. ಜೀವವಿದ್ದರೆ ಚೀರಿ ಎದ್ದಾನು ಎಂದು.

ತ್ಸಿರಿ ಅವಳ ಪಕ್ಕ ಕೂತು, ತಗ್ಗಿದ ಧ್ವನಿಯಲ್ಲಿ ಕೇಳಿದ: “ಅಕ್ಕಾ, ಅವರು ನಮ್ಮನ್ನ ಬಿಡದೇ ಇದ್ದಿದ್ರೆ? ಯೋಸ್ಟಣ್ಣನ್ನ ಹಾಗೇ ಕೊಳೆಯೋಕೆ ಬಿಡ್ತಿದ್ದೆಯಾ?”

“ಹೂಂ. ಬಿಡ್ತಿದ್ದೆ.”

ಅವನು ಅವಳ ಮುಖವನ್ನೇ ನೋಡಿದ. ಅವಳು ದಬ್ಬಣವನ್ನು ಅವನ ಕೈಗಿತ್ತಳು, ತನ್ನ ಅಂಗೈಯ ಚರ್ಮದ ಪಟ್ಟಿ ಬಿಚ್ಚಿ ಅವನ ಸುಲಿದ ಮಣಿಕಟ್ಟಿಗೆ ತಾಗದಂತೆ ಕಟ್ಟಿದಳು.

“ಈ ಹೊಲಿಗೆ ನೀನು ಹಾಕು.”

“ನಾನಾ? ನನಗೆಲ್ಲಿ ಬರುತ್ತೆ?”

ವೊಲಾಸು ಗುಂಡಿಯ ಆಚೆ ಬದಿಯ ಖಾಲಿ ನೆಲವನ್ನು ಮಡಿಸಿದ ಬೆರಳಿನಿಂದ ತೋರಿಸಿದಳು. ಗೋರಿಗಳಿರುವ ಕಡೆ ಬೆರಳು ನೀಡಿ ತೋರಿಸಬಾರದು. “ಅಲ್ಲಿ ನನಗೆ ಜಾಗ ಬಿಡೋಕೆ ಹೇಳಿದೀನಿ. ಅವ್ವನ ಪಕ್ಕ ಅಂತೂ ಹೋಯ್ತು. ನಾಳೆ ನನ್ನನ್ನ ಹೊಲಿಯೋಕೆ ಬೇರೆ ಯಾರಿದಾರೆ, ಪೆರೀನಾ? ಕಲಿ.”

  ತ್ಸಿರಿ ಹಾಯಿಬಟ್ಟೆಯ ಎರಡು ಅಂಚು ಸೇರಿಸಿ, ಮೂಗು ಹಾಯುವಂತೆ ಚುಚ್ಚಿದ, ದಾರ ಎಳೆದ, ಗಂಟು ಹಾಕಿದ. ಯೋಸ್ಟ್ ಚೀರಲಿಲ್ಲ.

ವೊಲಾಸು ಬಾಗಿ ನೋಡಿದಳು.

“ಸೊಟ್ಟ ಆಗಿದೆ. ಬಿಚ್ಚಿ ಮತ್ತೆ ಹಾಕು.”